ಜೆನೋವಾ ದಕ್ಕೆಯ ಹಮಾಲಿ, ಬೆಳ್ಳಿತೆರೆಯ ಬಲಭೀಮ: ಬಾರ್ತೊಲೊಮೆಯೊ ಪಗಾನೊ



ನಮ್ಮಲ್ಲಿ ಗಟ್ಟಿಮುಟ್ಟಾದ ಆಳೊಬ್ಬ ಎದುರಿಗೆ ಬಂದರೆ ಭೀಮನಂತಿದ್ದಾನೆ ಎನ್ನುತ್ತೇವೆ. ಇಟಲಿಯ ಜನ ಅಂಥವನನ್ನು ಮಾಚಿಸ್ತೆ ಎಂದು ಕರೆಯುವುದುಂಟು. ಆ ಪದ ಅಲ್ಲಿನ ನಿಘಂಟಿನಲ್ಲೂ ಸೇರಿಹೋಗಿದೆ. ಭೀಮನಿಗೆ ಮಹಾಭಾರತವಿದೆ, ಸಂಸೋನನಿಗೆ ಪವಿತ್ರ ಬೈಬಲ್ ಇದೆ. ಮಾಚಿಸ್ತೆ ಹುಟ್ಟಿದ್ದು ಮಾತ್ರ 1914ರಲ್ಲಿ ಬಿಡುಗಡೆಯಾದ ಒಂದು ಮೂಕಿ ಚಲನಚಿತ್ರದಲ್ಲಿ. ಆ ಪಾತ್ರಕ್ಕೆ ಮೈ, ಮುಖ, ನಗು ಕೊಟ್ಟವರು ಬಂದರಿನಲ್ಲಿ ಮೂಟೆ ಹೊರುತ್ತಿದ್ದ ಒಬ್ಬ ಕೂಲಿ ಕಾರ್ಮಿಕ. ಅವರ ಹೆಸರು ಬಾರ್ತೊಲೊಮೆಯೊ ಪಗಾನೊ. ಪಾತ್ರದ ಹೆಸರು ನಿಘಂಟು ಸೇರಿತು, ಮನುಷ್ಯನ ಹೆಸರು ಮರೆಯಾಯಿತು. ಅದು ಹೇಗೆಂಬುದನ್ನು ತಿಳಿಯಲು ಅವರ ಜೀವನವನ್ನೊಮ್ಮೆ ನೋಡೋಣ.

ಬಂದರಿನ ದುಡಿಮೆ

ಪಗಾನೊ ಹುಟ್ಟಿದ್ದು 1878ರ ಸೆಪ್ಟೆಂಬರ್ 27ರಂದು, ಇಟಲಿಯ ಜೆನೋವಾ ನಗರದ ಬಳಿಯ ಸಾಂತ್ ಇಲಾರಿಯೊ ಎಂಬಲ್ಲಿ. ಸಮುದ್ರಕ್ಕೆ ಮುಖ ಮಾಡಿರುವ ಗುಡ್ಡದ ಮೇಲಿನ ಊರದು. ಜೆನೋವಾ ಎಂದರೆ ಶತಮಾನಗಳಿಂದ ಬಂದರಿನ ನಗರ. ಕಲ್ಲಿದ್ದಲು, ಗೋಧಿ, ಹತ್ತಿ ಎಲ್ಲವೂ ಅಲ್ಲಿ ಇಳಿದು ಉತ್ತರ ಇಟಲಿಯ ಕಾರ್ಖಾನೆಗಳಿಗೆ ಹೋಗುತ್ತಿದ್ದವು. ಯಂತ್ರಗಳು ಕಡಿಮೆಯಿದ್ದ ಆ ಕಾಲದಲ್ಲಿ ಹಡಗಿನಿಂದ ದಕ್ಕೆಗೆ, ದಕ್ಕೆಯಿಂದ ಗೋದಾಮಿಗೆ ಸರಕು ಸಾಗಿಸಲು ಮನುಷ್ಯರ ಹೆಗಲೇ ಬೇಕಾಗಿತ್ತು.

ಇಂಥ ಕಾರ್ಮಿಕರನ್ನು ಜೆನೋವಾದ ಜನ ಅವರ ಆಡುಮಾತಿನಲ್ಲಿ ಕಮಾಲ್ಲೊ ಎನ್ನುತ್ತಾರೆ. ಹೊರುವವನು ಎಂಬ ಅರ್ಥದ ಅರಬ್ಬಿ ಭಾಷೆಯ ಹಮ್ಮಾಲ್ ಎಂಬ ಪದದಿಂದ ಅದು ಬಂದಿದೆ. ನಮ್ಮ ಕರಾವಳಿಯ ಬಂದರುಗಳಲ್ಲಿ ನಾವು ದಿನವೂ ಕೇಳುವ ಹಮಾಲಿ ಎಂಬ ಮಾತಿಗೂ ಅದೇ ಮೂಲ. ಹೀಗೆ ಒಂದೇ ಪದ ಎರಡು ದೂರದ ತೀರಗಳನ್ನು ತಲುಪಿತು. ಆದ್ದರಿಂದ ಪಗಾನೊ ಅವರ ವೃತ್ತಿಯನ್ನು ನಮ್ಮ ಓದುಗರಿಗೆ ವಿವರಿಸಿ ಹೇಳಬೇಕಾಗಿಲ್ಲ. ಅವರು ಹಮಾಲಿ ಕೆಲಸದವರಾಗಿದ್ದರು. ಮೂವತ್ತೈದರ ಹರೆಯದವರೆಗೂ ಅವರಿಗೂ ನಟನೆಗೂ ಯಾವ ಸಂಬಂಧವೂ ಇರಲಿಲ್ಲ.

ಟ್ಯೂರಿನ್‌ನಿಂದ ಬಂದ ಕರೆ

ಆ ಕಾಲದಲ್ಲಿ ಇಟಲಿಯ ಚಲನಚಿತ್ರ ರಂಗ ಜಗತ್ತಿನ ಮುಂಚೂಣಿಯಲ್ಲಿತ್ತು. ರೋಮ್ ನಗರದ ಚಿನೆಸ್ ಸಂಸ್ಥೆ 1913ರಲ್ಲಿ ಕ್ವೊ ವಾದಿಸ್ ಚಿತ್ರವನ್ನು ತೆರೆಗೆ ತಂದಿತು. ಎನ್ರಿಕೊ ಗ್ವಾತ್ಸೋನಿ ನಿರ್ದೇಶಿಸಿದ, ನೀರೋ ಚಕ್ರವರ್ತಿಯ ಕಾಲದ ಕ್ರೈಸ್ತರ ಹಿಂಸೆಯ ಕಥೆಯದು. ಅದರಲ್ಲಿ ಉರ್ಸುಸ್ ಎಂಬ ಬಲಶಾಲಿ ಕ್ರೈಸ್ತ ಸೇವಕ ತನ್ನ ಒಡತಿಯನ್ನು ಕಾಪಾಡಲು ಅಖಾಡದಲ್ಲಿ ಗೂಳಿಯೊಂದಿಗೆ ಸೆಣಸುತ್ತಾನೆ. ಬ್ರೂತೊ ಕಾಸ್ತೆಲ್ಲಾನಿ ನಟಿಸಿದ ಈ ಪಾತ್ರ ಪ್ರೇಕ್ಷಕರಿಗೆ ಬಹಳ ಹಿಡಿಸಿತು.

ಟ್ಯೂರಿನ್ ನಗರದಲ್ಲಿ ಇತಾಲಾ ಫಿಲ್ಮ್ ಸಂಸ್ಥೆಯನ್ನು ನಡೆಸುತ್ತಿದ್ದ ಜೊವಾನ್ನಿ ಪಸ್ತ್ರೊನೆ ಅದಕ್ಕಿಂತಲೂ ದೊಡ್ಡ ಚಿತ್ರವೊಂದನ್ನು ಮಾಡಲು ಹೊರಟಿದ್ದರು. ಅವರಿಗಿನ್ನೂ ಮೂವತ್ತರ ಆಸುಪಾಸಿನ ವಯಸ್ಸು. ರೋಮ್ ಮತ್ತು ಕಾರ್ಥೇಜ್ ನಡುವಿನ ಎರಡನೆಯ ಪ್ಯೂನಿಕ್ ಯುದ್ಧದ ಹಿನ್ನೆಲೆಯಲ್ಲಿ ಹೆಣೆದ ಆ ಕಥೆಗೂ ಒಬ್ಬ ಬಲಶಾಲಿ ಸೇವಕ ಬೇಕಾಗಿದ್ದ. ರಂಗಭೂಮಿಯ ನಟರಲ್ಲಿ ಅಂಥ ದೇಹ ಸಿಗುವುದು ಕಷ್ಟ. ಹುಡುಕಾಟ ಜೆನೋವಾ ಬಂದರಿನವರೆಗೆ ಬಂದು ಪಗಾನೊ ಅವರಲ್ಲಿ ಕೊನೆಗೊಂಡಿತು.

ಮೂಕಿ ಚಿತ್ರವಾದುದೇ ಅವರಿಗೆ ಅನುಕೂಲವಾಯಿತು. ನಾಟಕದ ವೇದಿಕೆಯಲ್ಲಾದರೆ ಸ್ವಚ್ಛ ಇಟಾಲಿಯನ್ ಉಚ್ಚಾರ, ಉದ್ದುದ್ದ ಸಂಭಾಷಣೆಯ ಕಂಠಪಾಠ ಎಲ್ಲವೂ ಬೇಕು. ಕ್ಯಾಮೆರಾ ಕೇಳಿದ್ದು ಮೈಕಟ್ಟು, ಚಲನೆ ಮತ್ತು ಮುಖಭಾವ ಮಾತ್ರ. ವರ್ಷಗಟ್ಟಲೆ ಭಾರ ಹೊತ್ತ ಮನುಷ್ಯನಿಗೆ ಭಾರ ಎತ್ತುವುದನ್ನು ನಟಿಸಿ ತೋರಿಸುವ ಅಗತ್ಯವಿರಲಿಲ್ಲ. ಹಾಗಿದ್ದರೂ ಬರೇ ಬಲದಿಂದ ಅವರು ಜನಪ್ರಿಯರಾಗಲಿಲ್ಲ. ಆ ದೊಡ್ಡ ದೇಹದ ಮೇಲೆ ತುಂಬ ಸೌಮ್ಯವಾದ, ತುಸು ತುಂಟತನದ ಮುಖವಿತ್ತು. ಜನ ಮೆಚ್ಚಿದ್ದು ಆ ಎರಡರ ಜೋಡಿಯನ್ನು.

ಕಬೀರಿಯಾ

1914ರ ಏಪ್ರಿಲ್ 18ರಂದು ಟ್ಯೂರಿನ್‌ನ ವಿತ್ತೋರಿಯೊ ಇಮಾನುವೆಲೆ ನಾಟಕಶಾಲೆಯಲ್ಲಿ ಕಬೀರಿಯಾ ಚಿತ್ರದ ಮೊದಲ ಪ್ರದರ್ಶನ ನಡೆಯಿತು. ಎಟ್ನಾ ಜ್ವಾಲಾಮುಖಿ ಸಿಡಿದಾಗ ಸಿಸಿಲಿ ದ್ವೀಪದ ಶ್ರೀಮಂತ ಮನೆಯ ಪುಟ್ಟ ಹುಡುಗಿ ಕಬೀರಿಯಾ ತನ್ನ ದಾದಿಯೊಂದಿಗೆ ಕಡಲ್ಗಳ್ಳರ ಕೈಗೆ ಸಿಗುತ್ತಾಳೆ. ಅವಳನ್ನು ಕಾರ್ಥೇಜಿನಲ್ಲಿ ಮಾರಲಾಗುತ್ತದೆ. ಅಲ್ಲಿ ಮೋಲೆಕ ದೇವತೆಗೆ ಮಕ್ಕಳನ್ನು ಬೆಂಕಿಯಲ್ಲಿ ಬಲಿ ಕೊಡುವ ಪದ್ಧತಿ. ಯಾಜಕಕಾಂಡವನ್ನು ಓದಿದವರಿಗೆ ಈ ಹೆಸರು ಹೊಸದಲ್ಲ. ಮಕ್ಕಳನ್ನು ಮೋಲೆಕನಿಗೆ ಅರ್ಪಿಸಬಾರದೆಂದು ಅಲ್ಲಿ ಇಸ್ರಯೇಲರಿಗೆ ಕಟ್ಟುನಿಟ್ಟಿನ ಆಜ್ಞೆಯಿದೆ.

ಗುಪ್ತಚಾರನಾಗಿ ಕಾರ್ಥೇಜಿಗೆ ಬಂದ ಫುಲ್ವಿಯೊ ಎಂಬ ರೋಮಿನ ಶ್ರೀಮಂತನೂ ಅವನ ಗುಲಾಮ ಮಾಚಿಸ್ತೆಯೂ ದಾದಿಯ ಮೊರೆಗೆ ಓಗೊಟ್ಟು ಮೋಲೆಕನ ಗುಡಿಯೊಳಗೆ ನುಗ್ಗುತ್ತಾರೆ. ಹೊಟ್ಟೆಯಲ್ಲಿ ಬೆಂಕಿಯ ಕುಲುಮೆಯಿರುವ ಬೃಹತ್ ವಿಗ್ರಹದ ಮುಂದಿನಿಂದ ಮಾಚಿಸ್ತೆ ಮಗುವನ್ನು ಕಸಿದುಕೊಂಡು ಓಡುತ್ತಾನೆ. ಯಜಮಾನ ಸಮುದ್ರಕ್ಕೆ ಹಾರಿ ಪಾರಾಗುತ್ತಾನೆ. ಗುಲಾಮ ಮಾತ್ರ, ಮಗುವನ್ನು ರಾಜಕುವರಿ ಸೋಫೊನಿಸ್ಬಾಳ ಕೈಗೊಪ್ಪಿಸಿ, ತಾನು ಸೆರೆ ಸಿಗುತ್ತಾನೆ. ಅವನನ್ನು ಬೀಸುವ ಕಲ್ಲಿಗೆ ಸರಪಳಿಯಿಂದ ಕಟ್ಟಲಾಗುತ್ತದೆ. ಹತ್ತು ವರ್ಷ ಅವನು ಕಲ್ಲು ತಿರುಗಿಸುತ್ತಲೇ ಇರುತ್ತಾನೆ. ನ್ಯಾಯಸ್ಥಾಪಕರ ಗ್ರಂಥದಲ್ಲಿ ಗಾಜಾದ ಸೆರೆಮನೆಯಲ್ಲಿ ಕಾಳು ಬೀಸುತ್ತಿದ್ದ ಸಂಸೋನನ ಚಿತ್ರ ಇಲ್ಲಿ ನೆನಪಾಗದೆ ಇರದು. ಯಜಮಾನ ಹತ್ತು ವರ್ಷದ ಮೇಲೆ ಮರಳಿ ಬಂದಾಗ ಮಾಚಿಸ್ತೆ ಸಂತೋಷದಿಂದ ಸರಪಳಿಯನ್ನು ಹರಿದೊಗೆಯುತ್ತಾನೆ. ಚಿತ್ರದ ಕೊನೆಯಲ್ಲಿ ಯಜಮಾನನೂ ಬೆಳೆದುನಿಂತ ಕಬೀರಿಯಾಳೂ ಪ್ರೇಮಿಗಳಾಗಿ ಹಡಗಿನಲ್ಲಿ ಊರಿಗೆ ಮರಳುವಾಗ, ಈ ದೈತ್ಯ ಸೇವಕ ಹಡಗಿನ ಮೂತಿಯಲ್ಲಿ ಕುಳಿತು ಕೊಳಲೂದುತ್ತಾನೆ.

ಜ್ವಾಲಾಮುಖಿ, ಆನೆಗಳೊಡನೆ ಆಲ್ಪ್ಸ್ ಪರ್ವತ ದಾಟುವ ಹ್ಯಾನಿಬಾಲನ ಸೇನೆ, ಕನ್ನಡಿಗಳಿಂದ ಶತ್ರುಗಳ ಹಡಗು ಸುಡುವ ಆರ್ಕಿಮಿಡಿಸ್, ಎಲ್ಲವೂ ಆ ಚಿತ್ರದಲ್ಲಿದ್ದವು. ಅಲ್ಲಿಯವರೆಗೆ ಕ್ಯಾಮೆರಾ ಹೆಚ್ಚಾಗಿ ಒಂದೇ ಕಡೆ ನಿಲ್ಲುತ್ತಿತ್ತು. ಪಸ್ತ್ರೊನೆ 1912ರಲ್ಲೇ ಸ್ವಾಮ್ಯದ ಹಕ್ಕು ಪಡೆದಿದ್ದ ಗಾಲಿಬಂಡಿಯ ಮೇಲೆ ಇಲ್ಲಿ ಕ್ಯಾಮೆರಾ ನಿಧಾನವಾಗಿ ಚಲಿಸಿತು. ಇಷ್ಟೆಲ್ಲ ವೈಭವದ ನಡುವೆಯೂ ಜನ ಮನೆಗೆ ಹೋಗುವಾಗ ಮನಸ್ಸಿನಲ್ಲಿ ಇಟ್ಟುಕೊಂಡು ಹೋದದ್ದು ಆ ಗುಲಾಮನನ್ನು.

ಕೀರ್ತಿ ಯಾರಿಗೆ?

ಚಿತ್ರದ ಜಾಹೀರಾತುಗಳಲ್ಲಿ ಎದ್ದು ಕಂಡ ಹೆಸರು ಕವಿ ಗಬ್ರಿಯೆಲೆ ದಾನುನ್ಸಿಯೊ ಅವರದು. ಇಟಲಿಯ ಅತ್ಯಂತ ಪ್ರಸಿದ್ಧ ಸಾಹಿತಿ, ಅಷ್ಟೇ ವಿವಾದಾಸ್ಪದ ವ್ಯಕ್ತಿ. ಅವರ ಪ್ರೇಮಕಥೆಗಳೂ ನಾಟಕಗಳೂ 1911ರಲ್ಲಿ ಧರ್ಮಸಭೆಯ ನಿಷೇಧಿತ ಗ್ರಂಥಗಳ ಪಟ್ಟಿಗೆ ಸೇರಿದ್ದವು. ಸಾಲಗಾರರ ಕಾಟ ತಾಳಲಾರದೆ ಅವರು ಆಗ ಫ್ರಾನ್ಸ್ ದೇಶದಲ್ಲಿ ನೆಲೆಸಿದ್ದರು. ಕಥೆಯನ್ನು ಹೆಣೆದು, ಚಿತ್ರವನ್ನು ತಯಾರಿಸಿದ್ದು ಪಸ್ತ್ರೊನೆ. ದಾನುನ್ಸಿಯೊ ಮಾಡಿದ್ದು ತೆರೆಯ ಮೇಲಿನ ಬರಹಗಳನ್ನು ತಿದ್ದಿ ಬರೆದದ್ದು ಮತ್ತು ಪಾತ್ರಗಳಿಗೆ ಹೆಸರಿಟ್ಟದ್ದು. ಹೆರಾಕ್ಲಿಸನ ಒಂದು ಪುರಾತನ ಬಿರುದಿನಿಂದ ಮಾಚಿಸ್ತೆ ಎಂಬ ಹೆಸರನ್ನು ಹುಡುಕಿ ಕೊಟ್ಟವರು ಅವರೇ. ಇದಕ್ಕಾಗಿ ಅವರಿಗೆ 50,000 ಲೀರಾ ಸಂಭಾವನೆ ಸಂದಿತೆಂದು ದಾಖಲಾಗಿದೆ. ದೊಡ್ಡ ಸಾಹಿತಿಯ ಹೆಸರಿದ್ದರೆ ಚಿತ್ರಕ್ಕೆ ಗೌರವ ಬರುತ್ತದೆಂದು ಪಸ್ತ್ರೊನೆ ತಮ್ಮ ಹೆಸರನ್ನೇ ಹಿಂದಿಟ್ಟರು.

ಹೀಗೆ ಕಬೀರಿಯಾ ಲೋಕಕ್ಕೆ ದಾನುನ್ಸಿಯೊ ಅವರ ಕೃತಿಯೆಂದು ಪರಿಚಯವಾಯಿತು. ಬಲಶಾಲಿ ನಟ ಲೋಕಕ್ಕೆ ಮಾಚಿಸ್ತೆ ಎಂದು ಪರಿಚಯವಾದರು. ಪ್ರೇಷಿತ ಸಂತ ಬಾರ್ತೊಲೊಮೆಯರ ಹೆಸರು ಹೊತ್ತಿದ್ದ ಆ ಹಮಾಲಿಯನ್ನು ಮುಂದೆ ಭಿತ್ತಿಪತ್ರಗಳಲ್ಲಿ, ಪತ್ರಿಕೆಗಳಲ್ಲಿ ಎಲ್ಲರೂ ಕರೆದದ್ದು ಪಾತ್ರದ ಹೆಸರಿನಿಂದಲೇ.

ಬಣ್ಣ ತೊಳೆದಾಗ

ಇಲ್ಲಿ ಒಂದು ವಿಷಯವನ್ನು ಮುಚ್ಚಿಡದೆ ಹೇಳಬೇಕು. ಕಬೀರಿಯಾ ಚಿತ್ರದ ಮಾಚಿಸ್ತೆ ಆಫ್ರಿಕಾದ ಗುಲಾಮ. ಬಿಳಿಯರಾದ ಪಗಾನೊ ಮೈಗೆಲ್ಲ ಕಪ್ಪು ಬಣ್ಣ ಬಳಿದುಕೊಂಡು ಆ ಪಾತ್ರ ಮಾಡಿದರು. ಇಟಲಿ 1911 ಮತ್ತು 1912ರಲ್ಲಿ ತುರ್ಕಿಯೊಂದಿಗೆ ಯುದ್ಧ ಮಾಡಿ ಲಿಬಿಯಾವನ್ನು ವಶಪಡಿಸಿಕೊಂಡಿತ್ತು. ಉತ್ತರ ಆಫ್ರಿಕಾದಲ್ಲಿ ರೋಮ್ ಗೆಲ್ಲುವ ಕಥೆ ಆ ದಿನಗಳಲ್ಲಿ ಬರೇ ಹಳೆಯ ಚರಿತ್ರೆಯಾಗಿ ಕಾಣುತ್ತಿರಲಿಲ್ಲ. ಯಜಮಾನನಿಗೆ ನಿಷ್ಠನಾದ ಕಪ್ಪು ಗುಲಾಮನ ಚಿತ್ರ ಆ ಮನೋಭಾವಕ್ಕೆ ಸರಿಹೊಂದುತ್ತಿತ್ತು.

ಮುಂದೆ ನಡೆದದ್ದು ಇನ್ನೂ ವಿಚಿತ್ರ. 1915ರಲ್ಲಿ ಇತಾಲಾ ಸಂಸ್ಥೆ ಮಾಚಿಸ್ತೆ ಎಂಬ ಹೆಸರಿನಲ್ಲೇ ಹೊಸ ಚಿತ್ರ ಮಾಡಿತು. ದುಷ್ಟರಿಂದ ತಪ್ಪಿಸಿಕೊಂಡ ಯುವತಿಯೊಬ್ಬಳು ಚಿತ್ರಮಂದಿರವೊಂದರಲ್ಲಿ ಅಡಗುತ್ತಾಳೆ. ಅಲ್ಲಿ ಕಬೀರಿಯಾ ನಡೆಯುತ್ತಿರುತ್ತದೆ. ತೆರೆಯ ಮೇಲೆ ಮಾಚಿಸ್ತೆಯನ್ನು ಕಂಡು, ಇವನಾದರೆ ನನ್ನನ್ನು ಕಾಪಾಡಿಯಾನು ಎಂದು ಸ್ಟುಡಿಯೋಗೇ ಹುಡುಕಿಕೊಂಡು ಹೋಗುತ್ತಾಳೆ. ಅಲ್ಲಿ ಅವಳಿಗೆ ಸಿಗುವವನು ಕೋಟು ತೊಟ್ಟ, ನಗುಮುಖದ ಬಿಳಿಯ ಇಟಾಲಿಯನ್ ನಟ. ಅವನ ಹೆಸರೂ ಮಾಚಿಸ್ತೆಯೇ! ಬಣ್ಣ ತೊಳೆದುಹೋಗಿತ್ತು, ಗುಲಾಮಗಿರಿ ಮಾಯವಾಗಿತ್ತು, ಹೆಸರು ಮತ್ತು ಬಲ ಉಳಿದಿದ್ದವು. ಜನರ ಮೆಚ್ಚುಗೆ ಪಡೆದ ಆಫ್ರಿಕಾದ ಗುಲಾಮ ಮತ್ತೆ ತೆರೆಗೆ ಬರಲಿಲ್ಲ. ಪಗಾನೊ ಎಂಬ ಹೆಸರು ಕೂಡ ಆ ಕಥೆಯೊಳಗೆ ಬರಲಿಲ್ಲ. ಸ್ಟುಡಿಯೋದಲ್ಲಿ ದುಡಿಯುವ ನಟನ ಹೆಸರೇ ಮಾಚಿಸ್ತೆ ಎಂದು ಚಿತ್ರ ಪ್ರೇಕ್ಷಕರನ್ನು ನಂಬಿಸಿತು.

ಯುದ್ಧರಂಗದಲ್ಲಿ ಮಾಚಿಸ್ತೆ

1915ರ ಮೇ ತಿಂಗಳಲ್ಲಿ ಇಟಲಿ ಮೊದಲ ಮಹಾಯುದ್ಧಕ್ಕೆ ಇಳಿಯಿತು. ಮರುವರ್ಷವೇ ಆಲ್ಪ್ಸ್ ಪಡೆಯ ಮಾಚಿಸ್ತೆ ಎಂಬ ಚಿತ್ರ ಸಿದ್ಧವಾಯಿತು. ಗಡಿಯ ಬಳಿ ಚಿತ್ರೀಕರಣ ಮಾಡುತ್ತಿದ್ದ ತಂಡವನ್ನು ಆಸ್ಟ್ರಿಯಾದವರು ಬಂಧಿಸುತ್ತಾರೆ. ಮಾಚಿಸ್ತೆ ತಪ್ಪಿಸಿಕೊಂಡು ಬಂದು ಪರ್ವತ ಪಡೆಗೆ ಸೇರಿ, ಶತ್ರು ಸೈನಿಕರನ್ನು ಬೆಕ್ಕಿನ ಮರಿಗಳಂತೆ ಎತ್ತಿ ಎಸೆಯುತ್ತಾನೆ. ಪ್ರೇಕ್ಷಕರು ಹೊಟ್ಟೆ ತುಂಬ ನಕ್ಕರು.

ನಿಜವಾದ ಯುದ್ಧರಂಗದಲ್ಲಿ ನಗುವುದಕ್ಕೆ ಏನೂ ಇರಲಿಲ್ಲ. ಅದೇ ಪರ್ವತಗಳ ಹಿಮದಲ್ಲಿ, ಇಸೊಂಜೊ ನದಿಯ ದಡದಲ್ಲಿ ಲಕ್ಷಾಂತರ ಯುವಕರು ಪ್ರಾಣ ಬಿಡುತ್ತಿದ್ದರು. ಅವರಲ್ಲಿ ರೈತರು, ಕೂಲಿ ಕಾರ್ಮಿಕರು ಬಹಳ ಮಂದಿ. ಪಗಾನೊ ಅವರಂತೆಯೇ ಮೈಮುರಿದು ದುಡಿದು ಬದುಕಿದವರು. ತೆರೆಯ ಮೇಲೆ ಅವರದೇ ವರ್ಗದ ಮನುಷ್ಯನಿಗೆ ಗುಂಡು ತಾಗುತ್ತಿರಲಿಲ್ಲ. ಆ ಚಿತ್ರ ಜನರಿಗೆ ಸಾಂತ್ವನ ಕೊಟ್ಟಿತೆಂಬುದು ನಿಜ. ಯುದ್ಧವನ್ನು ಆಟದಂತೆ ತೋರಿಸಿತೆಂಬುದೂ ಅಷ್ಟೇ ನಿಜ.

ಮುಂದಿನ ವರ್ಷಗಳಲ್ಲಿ ಮಾಚಿಸ್ತೆ ಪೊಲೀಸನಾದ, ಪ್ರೇಮಿಯಾದ, ರಜೆಗೆ ಹೋದ. ಒಟ್ಟು ಇಪ್ಪತ್ತರ ಆಸುಪಾಸಿನಷ್ಟು ಚಿತ್ರಗಳು ಈ ಸರಣಿಯಲ್ಲಿ ಬಂದವು. ಎಲ್ಲದರಲ್ಲೂ ಕಥೆಯ ಎಳೆ ಹೆಚ್ಚು ಕಡಿಮೆ ಒಂದೇ. ದುರ್ಬಲರಿಗೆ ತೊಂದರೆಯಾಗುತ್ತದೆ, ಮಾಚಿಸ್ತೆ ಬರುತ್ತಾನೆ, ಬಲಿಷ್ಠ ದುಷ್ಟರು ಸೋಲುತ್ತಾರೆ. ಹೊಟ್ಟೆ ತುಂಬ ಉಣ್ಣುವ, ಬೇಗ ಸಿಟ್ಟಾಗದ, ತನ್ನ ಬಲದ ಬಗ್ಗೆ ತಾನೇ ನಗುವ ಈ ನಾಯಕನನ್ನು ಮಕ್ಕಳಿಂದ ಮುದುಕರವರೆಗೆ ಎಲ್ಲರೂ ಪ್ರೀತಿಸಿದರು. ಅವನನ್ನು ನೋಡಿ ಸಂಸೋನ, ಅಯಾಕ್ಸ್ ಮುಂತಾದ ಹೆಸರುಗಳಲ್ಲಿ ಇನ್ನೂ ಹಲವು ಬಲಭೀಮರು ತೆರೆಗೆ ಬಂದರು.

ಇಟಲಿಯ ಚಿತ್ರರಂಗ ಮಾತ್ರ ಯುದ್ಧದ ನಂತರ ಕುಸಿಯತೊಡಗಿತು. 1919ರಲ್ಲಿ ದೊಡ್ಡ ಸಂಸ್ಥೆಗಳೆಲ್ಲ ಸೇರಿ ಕಟ್ಟಿಕೊಂಡ ಒಕ್ಕೂಟ ಕೆಲವೇ ವರ್ಷಗಳಲ್ಲಿ ಮುಳುಗಿತು. ಅಮೆರಿಕದ ಚಿತ್ರಗಳು ಮಾರುಕಟ್ಟೆಯನ್ನು ಆವರಿಸಿದವು. ಪಸ್ತ್ರೊನೆ ಚಿತ್ರರಂಗವನ್ನೇ ಬಿಟ್ಟರು. ಪಗಾನೊ ಜರ್ಮನಿಗೆ ಹೋಗಿ 1922 ಮತ್ತು 1923ರಲ್ಲಿ ಅಲ್ಲಿನ ಚಿತ್ರಗಳಲ್ಲಿ ನಟಿಸಿ, ಮತ್ತೆ ಟ್ಯೂರಿನ್‌ಗೆ ಮರಳಿದರು. ಅಷ್ಟರಲ್ಲಿ ಮುಸೊಲಿನಿ ಅಧಿಕಾರಕ್ಕೆ ಬಂದಾಗಿತ್ತು. 1924ರಲ್ಲಿ ಬಂದ ಚಿತ್ರದ ಹೆಸರು ಚಕ್ರವರ್ತಿ ಮಾಚಿಸ್ತೆ. ಎದೆಯುಬ್ಬಿಸಿ, ದವಡೆ ಮುಂದೆ ಚಾಚಿ, ಬರಿಮೈಯಲ್ಲಿ ಫೋಟೋ ತೆಗೆಸಿಕೊಳ್ಳುತ್ತಿದ್ದ ಸರ್ವಾಧಿಕಾರಿಯ ಭಂಗಿಗೂ ಮಾಚಿಸ್ತೆಯ ಭಂಗಿಗೂ ಇರುವ ಹೋಲಿಕೆಯನ್ನು ಚಿತ್ರ ಇತಿಹಾಸಕಾರರು ಎತ್ತಿ ತೋರಿಸಿದ್ದಾರೆ. ದುರ್ಬಲರನ್ನು ಕಾಪಾಡುವ ಬಲವೆಂದು ಜನ ಪ್ರೀತಿಸಿದ ಚಿತ್ರವೇ, ಆಳುವವನ ಬಲವನ್ನು ಮೆಚ್ಚಲು ಅವರ ಕಣ್ಣನ್ನು ಪಳಗಿಸಿತೇ? ಈ ಪ್ರಶ್ನೆ ಇಂದಿಗೂ ಕೇಳತಕ್ಕದ್ದೇ ಆಗಿದೆ.

ನರಕದಿಂದ ಬಿಡುಗಡೆ

ಪಗಾನೊ ಅವರ ನಂತರದ ಚಿತ್ರಗಳಲ್ಲಿ ಹೆಚ್ಚು ಹೆಸರು ಮಾಡಿದ್ದು 1926ರಲ್ಲಿ ಬಿಡುಗಡೆಯಾದ, ಗುಯಿದೊ ಬ್ರಿಞೋನೆ ನಿರ್ದೇಶನದ ನರಕದಲ್ಲಿ ಮಾಚಿಸ್ತೆ. ಡಾಂಟೆ ಕವಿಯ ನರಕವರ್ಣನೆ ಮತ್ತು ಅದಕ್ಕೆ ಗುಸ್ತಾವ್ ಡೋರೆ ಬಿಡಿಸಿದ ಚಿತ್ರಗಳು ಅದಕ್ಕೆ ಪ್ರೇರಣೆ. ಕಬೀರಿಯಾದಲ್ಲೂ ಕೆಲಸ ಮಾಡಿದ್ದ ಸೆಗುಂದೊ ದೆ ಚೊಮೊನ್ ಅದರ ತಂತ್ರದ ದೃಶ್ಯಗಳನ್ನು ರೂಪಿಸಿದರು.

ಮಾಚಿಸ್ತೆಯನ್ನು ಕೆಡಿಸಲು ಪಿಶಾಚಿಯೊಂದು ಭೂಮಿಗೆ ಬರುತ್ತದೆ. ಪ್ರಿಯಕರನಿಂದ ಕೈಬಿಡಲ್ಪಟ್ಟು ಮಗುವಿನೊಂದಿಗೆ ಬದುಕುತ್ತಿರುವ ನೆರೆಮನೆಯ ಗ್ರಾಸಿಯೆಲ್ಲಾ ಎಂಬ ಯುವತಿಗೆ ಮಾಚಿಸ್ತೆ ಆಸರೆಯಾಗಿರುತ್ತಾನೆ. ಪಿಶಾಚಿ ಅವನನ್ನು ನರಕಕ್ಕೆ ಎಳೆದೊಯ್ಯುತ್ತದೆ. ಬದುಕಿರುವ ಮನುಷ್ಯ ಅಲ್ಲಿ ಮೂರು ದಿನ ಮಾತ್ರ ಇರಬಹುದು, ಆದರೆ ಅಲ್ಲಿನ ಹೆಣ್ಣೊಬ್ಬಳ ಮುತ್ತಿಗೆ ಒಳಗಾದರೆ ಪಿಶಾಚಿಯಾಗಿ ಅಲ್ಲೇ ಉಳಿಯಬೇಕು. ಅವನು ಮೋಹಕ್ಕೆ ಬಿದ್ದು ಮೈತುಂಬ ರೋಮದ ಪಿಶಾಚಿಯಾಗುತ್ತಾನೆ. ನರಕದಲ್ಲಿ ಎದ್ದ ದಂಗೆಯನ್ನು ತನ್ನ ತೋಳ್ಬಲದಿಂದ ಅಡಗಿಸುತ್ತಾನೆ. ಅಷ್ಟಾದರೂ ಅವನಿಗೆ ಅಲ್ಲಿಂದ ಹೊರಬರಲು ಆಗುವುದಿಲ್ಲ. ಕೊನೆಗೆ ಅವನನ್ನು ಬಿಡಿಸುವುದು ಕ್ರಿಸ್ಮಸ್ ರಾತ್ರಿ ಆ ಪುಟ್ಟ ಮಗು ಮಾಡುವ ಪ್ರಾರ್ಥನೆ. ಸರಪಳಿ ಹರಿದು ಪ್ರಸಿದ್ಧನಾದ ವೀರನಿಗೆ ಇಲ್ಲಿ ತನ್ನ ಬಲ ಸಾಲದೆ ಬಂದದ್ದು ಗಮನಾರ್ಹ. ಮನರಂಜನೆಗಾಗಿ ಮಾಡಿದ ಚಿತ್ರವಾದರೂ, ಅದನ್ನು ನೋಡಿ ಹೊರಬರುವ ಕ್ರೈಸ್ತ ಪ್ರೇಕ್ಷಕನಿಗೆ ಈ ಮುಕ್ತಾಯ ಅರ್ಥವಾಗುತ್ತಿತ್ತು.

ಈ ಚಿತ್ರವನ್ನು ನೋಡಿದ ಮಕ್ಕಳಲ್ಲಿ 1920ರಲ್ಲಿ ರಿಮಿನಿ ಎಂಬ ಊರಿನಲ್ಲಿ ಹುಟ್ಟಿದ ಬಾಲಕನೊಬ್ಬನಿದ್ದ. ತಂದೆಯ ತೋಳಿನಲ್ಲಿ ಕುಳಿತು ನೋಡಿದ ಮೊದಲ ಚಿತ್ರ ಇದೇ ಎಂದು ಅವರು ದೊಡ್ಡವರಾದ ಮೇಲೆ ಹಲವು ಬಾರಿ ನೆನಪಿಸಿಕೊಂಡರು. ಅವರೇ ವಿಶ್ವವಿಖ್ಯಾತ ನಿರ್ದೇಶಕ ಫೆಡೆರಿಕೊ ಫೆಲಿನಿ. 1957ರ ತಮ್ಮ ಒಂದು ಚಿತ್ರದ ನಾಯಕಿಗೆ ಅವರು ಕಬೀರಿಯಾ ಎಂದೇ ಹೆಸರಿಟ್ಟರು.

ಕೊನೆಯ ಪಾತ್ರ, ಊರಿನ ದಾರಿ

1920ರ ದಶಕದ ಕೊನೆಗೆ ಪಗಾನೊ ಐವತ್ತರ ಸಮೀಪಕ್ಕೆ ಬಂದಿದ್ದರು. 1929ರಲ್ಲಿ ಬಂದ ಅವರ ಕೊನೆಯ ಚಿತ್ರ ಬೈಬಲಿನ ಜೂಡಿತ್ ಗ್ರಂಥವನ್ನು ಆಧರಿಸಿದ್ದು. ಅದರಲ್ಲಿ ಅವರು ಮಾಚಿಸ್ತೆಯಲ್ಲ, ಸೇನಾಪತಿ ಹೊಲೊಫರ್ನೆಸ್. ಊರನ್ನು ಮುತ್ತಿದ ಈ ಬಲಿಷ್ಠನ ತಲೆಯನ್ನು ಜೂಡಿತ್ ಎಂಬ ವಿಧವೆ ಕತ್ತರಿಸಿ ತನ್ನ ಜನರನ್ನು ಉಳಿಸುತ್ತಾಳೆ. ಹದಿನೈದು ವರ್ಷ ದುರ್ಬಲರ ಪರವಾಗಿ ಗೆದ್ದ ನಟ, ಕೊನೆಗೆ ದುರ್ಬಲಳ ಕೈಯಲ್ಲಿ ಸೋಲುವ ಬಲಿಷ್ಠನಾಗಿ ತೆರೆಯಿಂದ ನಿರ್ಗಮಿಸಿದರು.

ಇಟಲಿಯ ಮೊದಲ ಮಾತಿನ ಚಿತ್ರ ಬಂದದ್ದು 1930ರಲ್ಲಿ. ಹೀಗಾಗಿ ಪಗಾನೊ ಅವರ ಧ್ವನಿ ಹೇಗಿತ್ತೆಂದು ಅವರ ಪ್ರೇಕ್ಷಕರು ತೆರೆಯಿಂದ ಒಮ್ಮೆಯೂ ಕೇಳಲಿಲ್ಲ. ದೇಹವೂ ದಣಿದಿತ್ತು. ಮಧುಮೇಹ, ಸಂಧಿವಾತ ಅವರನ್ನು ಕಾಡಿದವು. ಮನೆಗಳ ಬಾಗಿಲು ಮುರಿದು ತೋರಿಸಿದ್ದ ಕೈಗಳಿಗೆ ಗಂಟುನೋವು ಬಂತು. ಅವರು ತಾವು ಹುಟ್ಟಿದ ಸಾಂತ್ ಇಲಾರಿಯೊಗೆ ಮರಳಿ, ಅಲ್ಲಿ ತಮ್ಮ ಮನೆಯಲ್ಲಿ ಉಳಿದ ದಿನಗಳನ್ನು ಕಳೆದರು. ಆ ಮನೆಗೆ ವಿಲ್ಲಾ ಮಾಚಿಸ್ತೆ ಎಂದು ಹೆಸರು. 1947ರ ಜೂನ್ 24ರಂದು ಅವರು ಅಲ್ಲೇ ನಿಧನ ಹೊಂದಿದರು. ಅಂದು ಸ್ನಾನಿಕ ಯೊವಾನ್ನರ ಜನನದ ಹಬ್ಬ. ಅವರ ಹುಟ್ಟೂರಾದ ಜೆನೋವಾ, ಅವರಿಗೆ ಕೀರ್ತಿ ತಂದ ಟ್ಯೂರಿನ್, ಈ ಎರಡೂ ನಗರಗಳ ಪಾಲಕ ಸಂತ ಅವರೇ.

ಹೆಸರು ಉಳಿಯಿತು

ಪಗಾನೊ ತೀರಿಹೋದ ಮೇಲೂ ಮಾಚಿಸ್ತೆ ಸಾಯಲಿಲ್ಲ. 1960ರಿಂದ ಆರಂಭಿಸಿ ಐದಾರು ವರ್ಷಗಳಲ್ಲಿ ಇಟಲಿಯಲ್ಲಿ ಆ ಹೆಸರಿನ ಚಿತ್ರಗಳು ಸಾಲುಸಾಲಾಗಿ ಬಂದವು. ಅಮೆರಿಕದ ದೇಹದಾರ್ಢ್ಯಪಟುಗಳೂ, ವೆನಿಸ್ ನಗರದಲ್ಲಿ ದೋಣಿ ನಡೆಸುತ್ತಿದ್ದ ಒಬ್ಬ ಯುವಕನೂ ಆ ಪಾತ್ರವನ್ನು ಮಾಡಿದರು. ಅಮೆರಿಕದಲ್ಲಿ ಮಾಚಿಸ್ತೆ ಯಾರೆಂದು ಗೊತ್ತಿಲ್ಲದ್ದರಿಂದ ಅವೇ ಚಿತ್ರಗಳನ್ನು ಹರ್ಕ್ಯುಲಿಸ್, ಸ್ಯಾಮ್ಸನ್, ಗೊಲಿಯಾತ್ ಎಂಬ ಹೆಸರುಗಳಲ್ಲಿ ತೋರಿಸಲಾಯಿತು. ಮುಖ ಬದಲಾಯಿತು, ಹೆಸರೂ ಬದಲಾಯಿತು, ಬಲ ಮಾತ್ರ ಮಾರಾಟವಾಗುತ್ತಲೇ ಹೋಯಿತು.

ಕಬೀರಿಯಾ ಚಿತ್ರವನ್ನು ಟ್ಯೂರಿನ್‌ನ ರಾಷ್ಟ್ರೀಯ ಚಲನಚಿತ್ರ ವಸ್ತುಸಂಗ್ರಹಾಲಯ ಸರಿಪಡಿಸಿ 2006ರಲ್ಲಿ ಮತ್ತೆ ಬೆಳಕಿಗೆ ತಂದಿತು. ಆಲ್ಪ್ಸ್ ಪಡೆಯ ಮಾಚಿಸ್ತೆ, ನರಕದಲ್ಲಿ ಮಾಚಿಸ್ತೆ ಚಿತ್ರಗಳೂ ಈಗ ಹೊಸ ರೂಪದಲ್ಲಿ ನೋಡಲು ಸಿಗುತ್ತವೆ. ಅದೇ ವಸ್ತುಸಂಗ್ರಹಾಲಯದಲ್ಲಿ ಕಬೀರಿಯಾದ ಮೋಲೆಕನ ದೊಡ್ಡ ವಿಗ್ರಹವನ್ನೂ ಪ್ರದರ್ಶನಕ್ಕೆ ಇಡಲಾಗಿದೆ.

ಹಡಗಿನಿಂದ ಇಳಿದ ಸರಕಿನ ಮೇಲೆ ವ್ಯಾಪಾರಿಯ ಗುರುತು ಇರುತ್ತದೆ, ಹೊತ್ತವನ ಗುರುತು ಇರುವುದಿಲ್ಲ. ಪಗಾನೊ ಅವರ ಬದುಕೂ ಹಾಗೆಯೇ ಆಯಿತು. ಕವಿ ಕೊಟ್ಟ ಹೆಸರು, ನಿರ್ಮಾಪಕ ಕಟ್ಟಿದ ಕಥೆ, ದೇಶ ಬಯಸಿದ ವೀರ, ಇಷ್ಟನ್ನೂ ಅವರು ಹದಿನೈದು ವರ್ಷ ಹೆಗಲ ಮೇಲೆ ಹೊತ್ತರು. ಕೊನೆಗೆ ಭಾರ ಇಳಿಸಿ ಸಮುದ್ರ ಕಾಣುವ ತಮ್ಮ ಗುಡ್ಡಕ್ಕೆ ಮರಳಿದರು. ಮುಂದೆ ಎಂದಾದರೂ ಕಬೀರಿಯಾ ನೋಡುವ ಅವಕಾಶ ಸಿಕ್ಕಿದರೆ, ಹಡಗಿನ ಮೂತಿಯಲ್ಲಿ ಕೊಳಲೂದುವ ಆ ದೊಡ್ಡ ಮನುಷ್ಯನನ್ನು ಕಂಡಾಗ ಅವರ ಸ್ವಂತ ಹೆಸರನ್ನೊಮ್ಮೆ ನೆನೆಯೋಣ: ಬಾರ್ತೊಲೊಮೆಯೊ ಪಗಾನೊ, ಜೆನೋವಾ ಬಂದರಿನ ಹಮಾಲಿ.